ಗೇಮ್‌ಗೊಂದು ಖಡಕ್ ಹೆಸರು: ಪುಂಡ ನಿಕ್‌ನೇಮ್ ಕಟ್ಟುವವರಿಗೆ ಪೂರ್ತಿ ಮಾರ್ಗದರ್ಶಿ

ಗೇಮ್‌ನಲ್ಲಿ ಒಟ್ಟಿಗೆ ಆಡುವ ಚಿಕ್ಕಬಳ್ಳಾಪುರದ ಹುಡುಗರ ಯಾವ ಸ್ಕ್ವಾಡ್ ತೆಗೆದು ನೋಡಿದರೂ ಅವೇ ಹೆಸರುಗಳು. ಕಿಲ್ಲರ್, ಡೆವಿಲ್, ಸೈಕೋ, ಡಾನ್. ಹಿಂದೆ ಎರಡು ಅಂಕಿ, ಸುತ್ತ ನಾಲ್ಕು ಚಿಹ್ನೆ. ಆಡುವವರಲ್ಲಿ ಧೈರ್ಯ ಇದೆ, ಗುರಿ ಇದೆ. ಹೆಸರು ಮಾತ್ರ ಯಾರದೋ. ಹತ್ತು ಜನ ಡೆವಿಲ್‌ಗಳ ನಡುವೆ ಹನ್ನೊಂದನೆಯವನನ್ನು ಯಾರೂ ನೆನಪಿಟ್ಟುಕೊಳ್ಳುವುದಿಲ್ಲ.

ಕಾನೂನಿಗೆ ಸಿಗದವನು, ಯಾರ ಮಾತೂ ಕೇಳದವನು ಅನ್ನುವ ಗತ್ತಿನ ಹೆಸರು ಬೇಕು ಅಂದರೆ ಅದನ್ನು ನಮ್ಮ ಮಾತಿನಲ್ಲೇ ಹುಡುಕಬೇಕು ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ. ಕಾರಣ ಸರಳ. ಗೇಮ್‌ನಲ್ಲಿ ಹೆಸರನ್ನು ನೋಡುವುದಕ್ಕಿಂತ ಕೇಳುವುದೇ ಜಾಸ್ತಿ. ಜೊತೆಯವರು ಮೈಕ್‌ನಲ್ಲಿ ಕೂಗುತ್ತಾರೆ, ಆಟ ಮುಗಿದ ಮೇಲೆ ಟೀ ಅಂಗಡಿ ಹತ್ತಿರವೂ ಅದೇ ಹೆಸರಲ್ಲಿ ಕರೆಯುತ್ತಾರೆ. ಕೂಗುವ ಬಾಯಿ ಕನ್ನಡದ್ದು. ಹಾಗಾಗಿ ಆ ಬಾಯಿಗೆ ಒಗ್ಗುವ ಹೆಸರೇ ಬಹಳ ದಿನ ಉಳಿಯುತ್ತದೆ.

ಮೊದಲ ಹೆಜ್ಜೆ: ನೀವು ಎಂಥ ಪುಂಡ?

ಪುಂಡರಲ್ಲೂ ಜಾತಿ ಹಲವು. ಹೊಡೆದು ಕಿತ್ತುಕೊಳ್ಳುವ ದರೋಡೆಕೋರ ಬೇರೆ. ಕೈಗೆ ಸಿಗದೆ ಓಡಾಡುವ ಕಳ್ಳ ಬೇರೆ. ದೊರೆಗೆ ತಲೆಬಾಗದ ಬಂಡುಕೋರ ಬೇರೆ. ಊರೆಲ್ಲ ಬೈದರೂ ತನ್ನ ಪಾಡಿಗೆ ತಾನಿರುವ ಒಂಟಿಸಲಗ ಇನ್ನೂ ಬೇರೆ. ಈ ನಾಲ್ಕರಲ್ಲಿ ನಿಮ್ಮ ಸ್ವಭಾವ ಯಾವುದು ಅಂತ ಮೊದಲು ತೀರ್ಮಾನ ಮಾಡಿ. ಇದನ್ನು ಬಿಟ್ಟು ಸುಮ್ನೆ ಭಯಂಕರವಾದ ಪದ ಹುಡುಕಲು ಹೊರಟರೆ ಮತ್ತೆ ಡೆವಿಲ್ ಹತ್ತಿರವೇ ಬಂದು ನಿಲ್ಲುತ್ತೀರಿ.

ನಮ್ಮ ಜಿಲ್ಲೆಯಲ್ಲೇ ಇದಕ್ಕೆ ಒಳ್ಳೆಯ ಮಾದರಿ ಇದೆ. ಗುಡಿಬಂಡೆಯ ಬೆಟ್ಟದ ಮೇಲಿನ ಕೋಟೆಯನ್ನು 17ನೇ ಶತಮಾನದಲ್ಲಿ ಕಟ್ಟಿಸಿದ್ದು ಬೈರೇಗೌಡ ಎಂಬ ಪಾಳೇಗಾರ. ಉಳ್ಳವರಿಂದ ದೋಚಿ ಇಲ್ಲದವರಿಗೆ ಕೊಡುತ್ತಿದ್ದ ಅಂತ ಜನ ಅವನ ಬಗ್ಗೆ ಹೇಳುತ್ತಾರೆ. ಅವನನ್ನು ರಾಬಿನ್ ಹುಡ್‌ಗೆ ಹೋಲಿಸುವುದೂ ಉಂಟು. ಬೆಟ್ಟದ ಕೆಳಗಿನ ಬೈರಸಾಗರ ಕೆರೆ ಇಂದಿಗೂ ಅವನ ಹೆಸರಲ್ಲೇ ಇದೆ. ಪುಂಡನ ಹೆಸರಿಗೆ ಇಷ್ಟು ಬಾಳಿಕೆ ಬರುವುದು ಅವನು ಯಾರ ಪರ ನಿಂತ ಎಂಬುದರಿಂದ. ಸ್ಕ್ವಾಡ್‌ನಲ್ಲಿ ಗೆಳೆಯನಿಗೆ ಗುಂಡು ಬಿದ್ದಾಗ ಹೊಗೆ ಬಾಂಬ್ ಎಸೆದು ಎಬ್ಬಿಸಲು ಓಡುವವರು ನೀವಾಗಿದ್ದರೆ ನಿಮಗೆ ಒಪ್ಪುವುದು ಬೈರನ ಜಾತಿಯ ಹೆಸರು. 'ಸೈಕೋ' ನಿಮಗಲ್ಲ.

ಎರಡನೇ ಹೆಜ್ಜೆ: ಪದಗಳನ್ನು ಕೂಡಿಹಾಕಿ

ಪದ ಎಲ್ಲಿ ಸಿಗುತ್ತದೆ? ಪತ್ರಿಕೆಯ ಅಪರಾಧ ಸುದ್ದಿಯಲ್ಲಿ. ಅಲ್ಲಿ ಪುಂಡರ ಬಗ್ಗೆ ಬರೆಯುವ ಕನ್ನಡ ನೂರು ವರ್ಷ ತಿಕ್ಕಿ ತಿಕ್ಕಿ ಹದವಾಗಿದೆ. ಪರಾರಿ. ನಾಪತ್ತೆ. ಗಡಿಪಾರು. ಸುಲಿಗೆ. ಕುಖ್ಯಾತ. ಖದೀಮ. ರೌಡಿಶೀಟರ್. ಒಂದೊಂದೂ ಹೆಸರಾಗಿ ನಿಲ್ಲುವಷ್ಟು ಗಟ್ಟಿ ಇದೆ.

ಇವನ್ನು ನಿಮ್ಮ ಆಟಕ್ಕೆ ಹೊಂದಿಸಿ ನೋಡಿ. ಪೊದೆಯಲ್ಲಿ ಕೂತು ಕೊನೆಯ ಸುತ್ತಿನವರೆಗೂ ಯಾರ ಕಣ್ಣಿಗೂ ಬೀಳದವರಿಗೆ 'ನಾಪತ್ತೆ'ಗಿಂತ ಒಳ್ಳೆಯ ಹೆಸರು ನನಗೆ ಕಾಣುತ್ತಿಲ್ಲ. ದೂರದಿಂದ ಸ್ಕೋಪ್ ಇಟ್ಟು ಕಾಯುವವರಿಗೆ 'ಹೊಂಚು'. ಗುಂಡು ಹಾರಿಸಿ ಕ್ಷಣದಲ್ಲಿ ಜಾಗ ಬದಲಿಸುವವರಿಗೆ 'ಪರಾರಿ'. ಇಳಿದ ತಕ್ಷಣ ಎಲ್ಲರಿಗಿಂತ ಮೊದಲು ಮನೆಮನೆ ನುಗ್ಗಿ ಲೂಟ್, ಅಂದರೆ ಬಂದೂಕು ಸಾಮಾನು, ಬಾಚುವವರಿಗೆ 'ಲೂಟಿಕೋರ'. ಪದೇ ಪದೇ ಸರ್ಕಲ್‌ನ (ಆಟದ ಸುರಕ್ಷಿತ ವಲಯದ) ಹೊರಗೇ ಉಳಿದುಕೊಂಡು ಅಂಚಿನಲ್ಲಿ ಆಡುವವರಿಗೆ 'ಗಡಿಪಾರು'.

'ಕೇಡಿ' ಅನ್ನುವ ಪದವನ್ನು ವಿಶೇಷವಾಗಿ ಹೇಳಬೇಕು. ಊರಲ್ಲಿ ಕೇಡಿ ಅಂದರೆ ಯಾರು ಅಂತ ಎಲ್ಲರಿಗೂ ಗೊತ್ತು. ಗೇಮ್ ಆಡುವವರಿಗೆ ಕೆಡಿ ಅಂದರೆ ಎಷ್ಟು ಕೊಂದೆ, ಎಷ್ಟು ಸಲ ಸತ್ತೆ ಎಂಬ ಲೆಕ್ಕ. ಕೂಗಿದಾಗ ಎರಡೂ ಒಟ್ಟಿಗೆ ಕೇಳಿಸುತ್ತವೆ. ಪದ ಚಿಕ್ಕದು, ಒಂಟಿಯಾಗಿ ಸಿಗುವುದು ಕಷ್ಟ. 'ಹಳೇಕೇಡಿ', 'ಕೇಡಿಬೈರ' ಅಂತ ಜೋಡಿಸಿದರೆ ಕೆಲಸ ಆಗುತ್ತದೆ.

ಬಾಗೇಪಲ್ಲಿ, ಗುಡಿಬಂಡೆ, ಚಿಂತಾಮಣಿ ಕಡೆಯವರಿಗೆ, ಹಾಗೇ ಕೋಲಾರದ ಮುಳಬಾಗಿಲು, ತುಮಕೂರಿನ ಪಾವಗಡದವರಿಗೆ ಇನ್ನೊಂದು ಗಣಿ ಇದೆ. ಮನೆಯಲ್ಲೋ ಬೀದಿಯಲ್ಲೋ ತೆಲುಗು ಕಿವಿಗೆ ಬಿದ್ದಿರುತ್ತದೆ. 'ದೊಂಗ' (ಕಳ್ಳ), 'ಗಜದೊಂಗ' (ಪಕ್ಕಾ ಕಳ್ಳ) ಅಂದರೆ ನಮ್ಮ ಕಡೆ ಯಾರಿಗೂ ಬಿಡಿಸಿ ಹೇಳಬೇಕಾಗಿಲ್ಲ. ಸ್ಕ್ವಾಡ್‌ನಲ್ಲಿ ಗಡಿಯಾಚೆಯ ಹಿಂದೂಪುರದ ಹುಡುಗರಿದ್ದರಂತೂ ಇಂಥ ಹೆಸರು ಎರಡೂ ಕಡೆ ಓಡುತ್ತದೆ.

ಮೂರನೇ ಹೆಜ್ಜೆ: ಜೋಡಿಸುವುದು

ಒಂಟಿ ಪದಗಳನ್ನು ಬೇರೆ ಯಾರೋ ಮೊದಲೇ ತೆಗೆದುಕೊಂಡಿರುತ್ತಾರೆ. ಆಗ ಜೋಡಿಸಲೇಬೇಕು. ಕನ್ನಡದಲ್ಲಿ ಇದಕ್ಕೆ ಸಿದ್ಧ ಅಚ್ಚುಗಳಿವೆ. ಕೊನೆಗೆ -ಕೋರ, -ಗಾರ, -ಗಳ್ಳ ಹಾಕಿ. ಬಂಡುಕೋರ, ಹೊಂಚುಗಾರ, ಇರುಳುಗಳ್ಳ. ಮುಂದೆ ಬೇಕಾದರೆ ಒಂಟಿ, ಕರಿ, ಮೊಂಡ, ಕಾಡು, ಹಳೇ. ಕರಿಬೈರ, ಕಾಡುಕೋವಿ, ಮೊಂಡದೊಂಗ. ಎರಡೇ ತುಂಡು ಸಾಕು. ಮೂರನೆಯದು ಸೇರಿದ ಕೂಡಲೇ ಹೆಸರು ಮದುವೆ ಪತ್ರಿಕೆಯ ಬಿರುದಿನ ಹಾಗೆ ಉದ್ದವಾಗುತ್ತದೆ.

ಊರಿನ ಗುರುತು ಬೇಕು ಅನ್ನುವವರಿಗೆ ದುರ್ಗಗಳು ಒಳ್ಳೆಯವು. ಮಿಡಿಗೇಶಿ, ನಿಡುಗಲ್ಲು, ಚನ್ನರಾಯನದುರ್ಗ ಎಲ್ಲ ತುಮಕೂರು ಕಡೆಯ ಕೋಟೆಗಳು. 'ನಿಡುಗಲ್' ಅಂತಷ್ಟೇ ಇಟ್ಟುಕೊಂಡರೂ ಕಲ್ಲಿನ ಗಟ್ಟಿತನ ಬರುತ್ತದೆ. ಕೋಲಾರದವರಿಗೆ ಚಿನ್ನದ ಗಣಿ ಇದೆ. 2001ರಲ್ಲಿ ಮುಚ್ಚಿದ ಆ ಗಣಿಯ ಚಾಂಪಿಯನ್ ರೀಫ್ ಮೂರು ಕಿಲೋಮೀಟರ್‌ಗಿಂತ ಆಳಕ್ಕೆ ಇಳಿದಿತ್ತು. 'ಗಣಿಗಳ್ಳ', 'ಪಾತಾಳಕೇಡಿ' ಅಂತ ಇಟ್ಟರೆ ಆ ಕತ್ತಲೆ ಹೆಸರಿನೊಳಗೇ ಬರುತ್ತದೆ. ಕೆಜಿಎಫ್ ಅನ್ನುವ ಮೂರಕ್ಷರ ಮಾತ್ರ ಬಿಡಿ. ಅದನ್ನು ದೇಶದ ತುಂಬ ಎಲ್ಲರೂ ಹಾಕಿಕೊಂಡು ಸವೆಸಿದ್ದಾರೆ.

ಹೆಣ್ಣುಮಕ್ಕಳಿಗೆ ಒಂದು ಮಾತು. -ಕೋರ, -ಗಾರ ಕೇಳಿದ ತಕ್ಷಣ ಗಂಡು ಅನ್ನಿಸುತ್ತದೆ. ಬೇಟೆಗಾರ್ತಿ, ಪಾಳೇಗಾರ್ತಿ ಅಂದರೆ ಹೆಣ್ಣು ಅಂತ ಗೊತ್ತಾಗುತ್ತದೆ, ಮತ್ತು ಕೇಳಲು ಬಹಳ ಗಂಭೀರವಾಗಿವೆ. ಆದರೆ ಅಪರಿಚಿತರ ಜೊತೆ ಆಡುವ ಲಾಬಿಗಳಲ್ಲಿ ಹೆಣ್ಣು ಅಂತ ಗೊತ್ತಾದರೆ ಸಾಕು, ಕಾಟ ಕೊಡುವವರು ಇದ್ದಾರೆ. ಅದು ಬೇಡ ಅನ್ನಿಸಿದರೆ ನಾಪತ್ತೆ, ಹೊಂಚು, ಪರಾರಿ, ಕಿಚ್ಚು ಇವುಗಳಲ್ಲಿ ಗಂಡು ಹೆಣ್ಣಿನ ಸುಳಿವೇ ಇಲ್ಲ. ಯಾವುದನ್ನು ಆರಿಸಬೇಕು ಎಂಬುದು ಪೂರ್ತಿ ನಿಮ್ಮ ಇಷ್ಟ.

ನಾಲ್ಕನೇ ಹೆಜ್ಜೆ: ಅಕ್ಷರದ ಲೆಕ್ಕ

ಇಲ್ಲಿ ನಿಧಾನ ಮಾಡಿ. ಒಳ್ಳೆಯ ಹೆಸರುಗಳು ಹಾಳಾಗುವುದು ಇಲ್ಲೇ.

ಹೆಚ್ಚಿನವರು ಹೆಸರನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆಯುತ್ತಾರೆ. ಇಂಗ್ಲಿಷ್‌ನಲ್ಲಿ ಲ ಮತ್ತು ಳ ಒಂದೇ. ಹಾಗಾಗಿ 'ಒಂಟಿ ಹುಲಿ' ಅಂತ ಬರೆದರೆ ಓದುವವನು 'ಒಂಟಿ ಹುಳಿ' ಅಂತಲೂ ಓದಬಹುದು. 'ಹಳ್ಳಿ ಡಾನ್' ಹೋಗಿ 'ಹಲ್ಲಿ ಡಾನ್' ಆಗುತ್ತದೆ. 'ಖದೀಮ'ದಲ್ಲಿ ಎಚ್ ಬಿಟ್ಟು ಬರೆದರೆ 'ಕಡಿಮೆ'ಯ ಹತ್ತಿರ ಹೋಗುತ್ತದೆ. 'ಕಳ್ಳ'ನನ್ನು ಉತ್ತರದ ಹುಡುಗರು 'ಕಲ್ಲ' ಅಂತಾರೆ. ಅದಕ್ಕೇ ಳ, ಣ, ಮಹಾಪ್ರಾಣ ಇಲ್ಲದ ಪದ ಆರಿಸುವುದು ಕ್ಷೇಮ. ಹೊಂಚು, ಪರಾರಿ, ನಾಪತ್ತೆ, ದೊಂಗ, ಬೈರ ಇವನ್ನು ಹೇಗೆ ಬರೆದರೂ ಅರ್ಥ ಕೆಡುವುದಿಲ್ಲ.

ಇನ್ನೊಂದು ತೊಂದರೆ ದೀರ್ಘ ಮತ್ತು ಒತ್ತಕ್ಷರ. ಕಿಚ್ಚು ಬರೆಯಲು ಸಿ, ಎಚ್ ಎಷ್ಟು ಸಲ ಹಾಕಬೇಕು? ಒಬ್ಬೊಬ್ಬರು ಒಂದೊಂದು ರೀತಿ ಬರೆಯುತ್ತಾರೆ. ಗೆಳೆಯರು ಹುಡುಕಿದರೆ ಸಿಗುವುದೇ ಇಲ್ಲ. ಒಂದು ಉಪಾಯ ಮಾಡಿ. ಹೆಸರನ್ನು ಬಾಯಲ್ಲಿ ಹೇಳಿ, ಇಬ್ಬರು ಮೂವರಿಗೆ ಟೈಪ್ ಮಾಡಲು ಹೇಳಿ. ಎಲ್ಲರೂ ಒಂದೇ ರೀತಿ ಬರೆದರೆ ಆ ಕಾಗುಣಿತವೇ ಸರಿ. ಬೇರೆ ಬೇರೆ ಬರೆದರೆ ಪದ ಬದಲಿಸುವುದೇ ಒಳ್ಳೆಯದು.

ಮಿತಿ ಗೇಮ್‌ನಿಂದ ಗೇಮ್‌ಗೆ ಬೇರೆ. ವ್ಯಾಲರಂಟ್‌ನಲ್ಲಿ ಹೆಸರಿಗೆ 3ರಿಂದ 16 ಅಕ್ಷರ, ಅದರ ಮುಂದಿನ ಟ್ಯಾಗ್‌ಗೆ 3ರಿಂದ 5. ಮೈನ್‌ಕ್ರಾಫ್ಟ್ ಜಾವಾದಲ್ಲೂ 3ರಿಂದ 16, ಅದೂ ಇಂಗ್ಲಿಷ್ ಅಕ್ಷರ, ಅಂಕಿ ಮತ್ತು ಅಡಿಗೆರೆ ಮಾತ್ರ. ಪ್ಲೇಸ್ಟೇಷನ್‌ನಲ್ಲೂ 16ರವರೆಗೆ. ರೋಬ್ಲಾಕ್ಸ್‌ನಲ್ಲಿ 20. ಕೆಲವು ಮೊಬೈಲ್ ಗೇಮ್‌ಗಳಲ್ಲಿ ಜಾಗ ಇನ್ನೂ ಕಡಿಮೆ. 'ದರೋಡೆಕೋರ' ಇಂಗ್ಲಿಷ್‌ನಲ್ಲಿ ಹತ್ತು ಅಕ್ಷರ, 'ಪಾಳೇಗಾರ' ದೀರ್ಘ ಬಿಟ್ಟು ಬರೆದರೆ ಎಂಟು, 'ಹೊಂಚು' ಆರು. ತಮ್ಮ ಗುಂಪಿನ ಗುರುತಾದ ಕ್ಲಾನ್ ಟ್ಯಾಗನ್ನು ಹೆಸರಿನೊಳಗೇ ಸೇರಿಸುವವರು ಅದಕ್ಕೂ ಮೂರು ನಾಲ್ಕು ಅಕ್ಷರ ಬಿಡಬೇಕು. ನನ್ನ ಸಲಹೆ, ಹತ್ತರೊಳಗೆ ಇರಲಿ. ಆಗ ಎಲ್ಲ ಕಡೆ ಒಂದೇ ಹೆಸರು ಇಟ್ಟುಕೊಳ್ಳಬಹುದು.

ಕನ್ನಡ ಅಕ್ಷರದಲ್ಲೇ ಇಡಬೇಕು ಅನ್ನುವ ಆಸೆ ಬಹಳ ಜನಕ್ಕೆ ಇದೆ, ನನಗೂ ಇದೆ. ಗೇಮ್ ಒಪ್ಪಿದರೆ ಖಂಡಿತ ಇಡಿ. ಒಂದು ವಿಷಯ ಮಾತ್ರ ತಿಳಿದಿರಲಿ. ನಮ್ಮ ಕಣ್ಣಿಗೆ 'ಕಿಚ್ಚು' ಎರಡು ಅಕ್ಷರ. ಕಂಪ್ಯೂಟರ್‌ಗೆ ಅದು ಆರು: ಕ, ಗುಡಿಸು, ಚ, ವಿರಾಮ, ಇನ್ನೊಂದು ಚ, ಉಕಾರ. 'ದುರ್ಗ' ಐದು. 'ಪುಂಡ' ನಾಲ್ಕು. ಬೈಟ್ ಲೆಕ್ಕದಲ್ಲಿ ಮಿತಿ ಹಾಕುವ ಕಡೆ ಇನ್ನೂ ಬಿಗಿ, ಯಾಕೆಂದರೆ ಕಂಪ್ಯೂಟರ್ ಅಕ್ಷರ ಉಳಿಸಿಡುವ ಯುಟಿಎಫ್-8 ಪದ್ಧತಿಯಲ್ಲಿ ಕನ್ನಡದ ಒಂದೊಂದು ಗುರುತಿಗೂ ಮೂರು ಬೈಟ್ ಬೇಕು. ಹಾಗಾಗಿ ಒತ್ತಕ್ಷರ ಕಡಿಮೆ ಇರುವ ಪದ ಆರಿಸಿ. 'ಬೈರ' ಮೂರೇ ಗುರುತಲ್ಲಿ ಮುಗಿಯುತ್ತದೆ. ಕೆಲವು ಗೇಮ್‌ಗಳ ಫಾಂಟ್‌ನಲ್ಲಿ ಕನ್ನಡ ಇರುವುದಿಲ್ಲ. ಆಗ ಎದುರಿನವನಿಗೆ ಬರೀ ಚೌಕ ಕಾಣುತ್ತದೆ. ಖಾಯಂ ಮಾಡುವ ಮೊದಲು ಬೇರೆಯವರ ಫೋನ್‌ನಲ್ಲಿ ಹೇಗೆ ಕಾಣುತ್ತದೆ ಅಂತ ನೋಡಿ.

ಐದನೇ ಹೆಜ್ಜೆ: ಅಂಕಿ, ಚಿಹ್ನೆ

ಚಿಹ್ನೆಗಳ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಕಿರೀಟ, ಕತ್ತಿ, ಓರೆ ಅಕ್ಷರ ಹಾಕಿದರೆ ನಿಮ್ಮನ್ನು ಯಾರೂ ಟೈಪ್ ಮಾಡಿ ಹುಡುಕಲಾರರು. ಹಳೆ ಫೋನ್‌ಗಳಲ್ಲಿ ಚೌಕ ಕಾಣುತ್ತದೆ. ಕಣ್ಣು ಕಾಣದವರು ಬಳಸುವ ಓದುವ ತಂತ್ರಾಂಶಕ್ಕೆ ಅದನ್ನು ಹೆಸರಾಗಿ ಓದಲು ಬರುವುದಿಲ್ಲ. ಇಂಗ್ಲಿಷ್‌ನ ದೊಡ್ಡ ಐ ಮತ್ತು ಚಿಕ್ಕ ಎಲ್ ಎಷ್ಟೋ ಕಡೆ ಒಂದೇ ಥರ ಕಾಣುತ್ತವೆ. ಅವು ಇರುವ ಹೆಸರನ್ನು ನಕಲು ಮಾಡಿ ನಿಮ್ಮ ಹಾಗೆ ನಟಿಸುವುದು ಸುಲಭ.

ಅಂಕಿ ಮಾತ್ರ ಪುಂಡ ಹೆಸರಿಗೆ ನಿಜವಾಗಿಯೂ ರುಚಿ ಕೊಡುತ್ತದೆ. 420, 302 ಅಂತ ಹಾಕುವವರು ಬಹಳ. ಅವು ಹಳೆಯ ಐಪಿಸಿ (ಭಾರತೀಯ ದಂಡ ಸಂಹಿತೆ) ಸೆಕ್ಷನ್‌ಗಳು. 2024ರ ಜುಲೈ 1ರಿಂದ ಐಪಿಸಿ ಜಾಗದಲ್ಲಿ ಭಾರತೀಯ ನ್ಯಾಯ ಸಂಹಿತೆ ಬಂದಿದೆ. ಈಗ ವಂಚನೆ 318ರಲ್ಲಿದೆ, ಕೊಲೆ 103ರಲ್ಲಿ. ದರೋಡೆಗೆ ಹಿಂದೆ 395 ಇತ್ತು, ಈಗ 310. ನನ್ನನ್ನು ಕೇಳಿದರೆ 'ಲೂಟಿಕೋರ310' ಬಹಳ ಚೆಂದ. ಗೊತ್ತಿದ್ದವರು ತಕ್ಷಣ ಗುರುತಿಸುತ್ತಾರೆ, ಗೊತ್ತಿಲ್ಲದವರು ಏನಪ್ಪಾ ಇದು ಅಂತ ಕೇಳುತ್ತಾರೆ. 420 ಹಾಕುವಾಗ ಇನ್ನೊಂದು ಯೋಚನೆ ಇರಲಿ. ಹೊರದೇಶಗಳಲ್ಲಿ ಆ ಅಂಕಿಗೆ ಗಾಂಜಾ ಎಂಬ ಅರ್ಥ ಇದೆ. ಕೆಲವು ಗೇಮ್‌ಗಳು ಅದಕ್ಕೇ ತಡೆಯಬಹುದು.

ಊರಿನ ಅಂಕಿ ಬೇಕಾದರೆ ಗಾಡಿಯ ನಂಬರ್ ಪ್ಲೇಟ್ ಇದೆ. ತುಮಕೂರಿಗೆ 06, ಕೋಲಾರಕ್ಕೆ 07, ಕೆಜಿಎಫ್‌ಗೆ 08, ಚಿಕ್ಕಬಳ್ಳಾಪುರಕ್ಕೆ 40. 'ಪರಾರಿ40' ಅಂದರೆ ನಮ್ಮವರಿಗೆ ಗೊತ್ತಾಗುತ್ತದೆ, ಹೊರಗಿನವರಿಗೆ ಅದೊಂದು ಅಂಕಿ ಅಷ್ಟೇ. ಹುಟ್ಟಿದ ಇಸವಿ, ಫೋನ್ ನಂಬರಿನ ಕೊನೆಯ ಅಂಕಿ, ಶಾಲೆ, ಹಳ್ಳಿಯ ಹೆಸರು, ನಿಮ್ಮ ನಿಜ ಹೆಸರು ಯಾವುದೂ ಬೇಡ. ಜಿಲ್ಲೆ ಹೇಳಿದರೆ ಲಕ್ಷಾಂತರ ಜನರ ನಡುವೆ ಒಬ್ಬರಾಗಿರುತ್ತೀರಿ. ಹಳ್ಳಿ ಮತ್ತು ವಯಸ್ಸು ಹೇಳಿದರೆ ಮನೆ ಬಾಗಿಲು ತೋರಿಸಿದಂತೆ. ಚಿಕ್ಕ ಮಕ್ಕಳಿಗೆ ಹೆಸರು ಇಟ್ಟುಕೊಡುವ ಅಣ್ಣಂದಿರು, ಅಕ್ಕಂದಿರು ಇದನ್ನು ಮರೆಯಬಾರದು.

ಆರನೇ ಹೆಜ್ಜೆ: ಮೈಕ್‌ನಲ್ಲಿ ಕೂಗಿಸಿ

ಕಾಗದದ ಮೇಲೆ ಚೆನ್ನಾಗಿರುವ ಹೆಸರು ಗುಂಡಿನ ಸದ್ದಿನ ನಡುವೆ ಸೋಲಬಹುದು. ಗೆಳೆಯರ ಜೊತೆ ಒಂದು ಮ್ಯಾಚ್ ಆಡಿ, ಹೊಸ ಹೆಸರಲ್ಲೇ ಕರೆಯಲು ಹೇಳಿ. 'ಬೈರಾ, ಎಡಗಡೆ!' ಅನ್ನುವುದು ಒಂದೇ ಉಸಿರಿಗೆ ಬರುತ್ತದೆ. 'ಕುಖ್ಯಾತ ಬಂಡುಕೋರ, ಎಡಗಡೆ' ಅನ್ನುವಷ್ಟರಲ್ಲಿ ನೀವು ಸತ್ತಿರುತ್ತೀರಿ. ಉದ್ದದ ಹೆಸರೇ ಇಷ್ಟ ಅಂದರೆ ಅದನ್ನು ಹೇಗೆ ತುಂಡು ಮಾಡಿ ಕರೆಯುತ್ತಾರೆ ಅಂತಲೂ ನೋಡಿ. ಒಂಟಿಸಲಗ ಹೋಗಿ 'ಒಂಟಿ' ಆಗುತ್ತದೋ 'ಸಲಗ' ಆಗುತ್ತದೋ, ಅದು ನಿಮ್ಮ ಕೈಯಲ್ಲಿಲ್ಲ. ಎರಡು ತುಂಡೂ ನಿಮಗೆ ಒಪ್ಪಿಗೆ ಇರಬೇಕು.

ನಮ್ಮವರು ಹೆಸರಿಗೆ ಅಣ್ಣ ಸೇರಿಸದೆ ಬಿಡುವುದಿಲ್ಲ. ಬೈರಣ್ಣ ಚೆನ್ನಾಗಿದೆ. ಹೊಂಚಣ್ಣ ಕೂಡ ಪರವಾಗಿಲ್ಲ. ನಿಮ್ಮ ಹೆಸರಿಗೂ ಸೇರಿಸಿ ನೋಡಿ.

ಆಟದಲ್ಲಿ ಕೂಗುವ ಮಾತುಗಳನ್ನು ಹೆಸರಾಗಿ ಇಡಬೇಡಿ. 'ನುಗ್ಗು' ಅಂತ ಇಟ್ಟುಕೊಂಡವನನ್ನು ಯಾರೋ ಕರೆದರೆ ಇಡೀ ಸ್ಕ್ವಾಡ್ ನುಗ್ಗುತ್ತದೆ. ಗುಂಡು, ಬಾಂಬ್, ರಶ್ ಇವಕ್ಕೂ ಅದೇ ಕಥೆ.

ಇನ್ನೊಂದು ಪರೀಕ್ಷೆ ಇದೆ, ಅದನ್ನು ತಪ್ಪದೆ ಮಾಡಿ. ಯಾರು ಯಾರನ್ನು ಕೊಂದರು ಅಂತ ಪರದೆಯಲ್ಲಿ ತೋರಿಸುವ ಕಿಲ್ ಫೀಡ್‌ನಲ್ಲಿ ಹೆಸರು ಎರಡು ಕಡೆ ಬರುತ್ತದೆ, ಕೊಂದವನ ಜಾಗದಲ್ಲಿ ಮತ್ತು ಸತ್ತವನ ಜಾಗದಲ್ಲಿ. ನಿಮ್ಮ ಹೆಸರನ್ನು ಎರಡೂ ಕಡೆ ಇಟ್ಟು ಓದಿ. 'ಪರಾರಿಯನ್ನು ಹೊಡೆದ' ಅಂದರೆ ಯಾರಿಗೂ ನೋವಿಲ್ಲ. ಅದೇ ಊರ ದೇವರ ಹೆಸರು ಅಲ್ಲಿದ್ದರೆ? ಮಾರಮ್ಮ, ಬೈರವೇಶ್ವರ, ಆಂಜನೇಯ, ಇಂಥ ಹೆಸರಿನ ಮೇಲೆ ದಿನಾ ಗುಂಡು ಬೀಳುತ್ತದೆ, ಸೋತ ಸಿಟ್ಟಲ್ಲಿ ಬೈಗುಳವೂ ಬೀಳುತ್ತದೆ. ಭಕ್ತಿಯಿಂದ ಇಟ್ಟ ಹೆಸರಿಗೆ ಆ ಗತಿ ಬರಬಾರದು.

ಏಳನೇ ಹೆಜ್ಜೆ: ಮುಟ್ಟಬಾರದ ಹೆಸರುಗಳು

ಪುಂಡ ಹೆಸರು ಬೇಕು ಅಂತ ನಿಜವಾದ ಕೊಲೆಗಾರರ ಹೆಸರು ಇಡಬೇಡಿ. ವೀರಪ್ಪನ್ ಹೆಸರನ್ನು ಶೌರ್ಯದ ಗುರುತಿನ ಹಾಗೆ ಹಾಕಿಕೊಳ್ಳುವವರು ಇದ್ದಾರೆ. 1991ರಲ್ಲಿ ಅವನು ಅರಣ್ಯಾಧಿಕಾರಿ ಪಿ. ಶ್ರೀನಿವಾಸ್ ಅವರನ್ನು ಕೊಂದ. ಅವನ ಕೈಯಲ್ಲಿ ಸತ್ತ ಪೊಲೀಸರ, ಅರಣ್ಯ ಸಿಬ್ಬಂದಿಯ ಮನೆಯವರು ನಮ್ಮ ರಾಜ್ಯದಲ್ಲೇ ಇದ್ದಾರೆ, ಅವರ ಮಕ್ಕಳು ಮೊಮ್ಮಕ್ಕಳೂ ಗೇಮ್ ಆಡುತ್ತಾರೆ. ಉಗ್ರರ ಸಂಘಟನೆಗಳ ಹೆಸರೂ ಹಾಗೇ. ಗೇಮ್ ಕಂಪನಿ ಕಿತ್ತುಹಾಕುವುದಕ್ಕೆ ಮೊದಲು ನೀವೇ ಬೇಡ ಅನ್ನಿ.

ಇದಕ್ಕಿಂತ ಮುಖ್ಯವಾದದ್ದು ಇನ್ನೊಂದಿದೆ. ಕಳ್ಳ ಎಂಬ ಅರ್ಥಕ್ಕೆ ಕೆಲವರು ಸಮುದಾಯಗಳ ಹೆಸರನ್ನೇ ಬಳಸುತ್ತಾರೆ. ಬ್ರಿಟಿಷರು 1871ರಲ್ಲಿ ಕಾಯ್ದೆ ಮಾಡಿ ಎಷ್ಟೋ ಅಲೆಮಾರಿ ಸಮುದಾಯಗಳಿಗೆ ಹುಟ್ಟಿನಿಂದಲೇ ಅಪರಾಧಿಗಳು ಅಂತ ಹಣೆಪಟ್ಟಿ ಕಟ್ಟಿದರು. 1952ರಲ್ಲಿ ಆ ಕಾಯ್ದೆ ಹೋಯಿತು. ಹಣೆಪಟ್ಟಿ ಮಾತ್ರ ಜನರ ಬಾಯಲ್ಲಿ ಇನ್ನೂ ಉಳಿದಿದೆ. ಅಂಥ ಪದವನ್ನು ಆಟದ ಹೆಸರಾಗಿ ಇಟ್ಟರೆ ಆ ಸುಳ್ಳನ್ನು ದಿನಾ ಪರದೆಯ ಮೇಲೆ ಬರೆದಂತೆ. ಜಾತಿಯ ಹೆಸರು, ಬೇರೆ ಭಾಷೆಯವರನ್ನು ಕೆಣಕುವ ಹೆಸರು, ಹೆಣ್ಣನ್ನು ಹೀಯಾಳಿಸುವ ಬೈಗುಳ ಎಲ್ಲ ಇದೇ ಸಾಲಿಗೆ ಸೇರುತ್ತವೆ. ಬಂಡಾಯ ಅಂದರೆ ಮೇಲಿರುವವರ ಎದುರು ನಿಲ್ಲುವುದು. ಕೆಳಗಿರುವವರನ್ನು ತುಳಿಯಲು ಯಾವ ಗತ್ತೂ ಬೇಕಾಗಿಲ್ಲ.

ಎಂಟನೇ ಹೆಜ್ಜೆ: ಬದಲಿಸುವ ಮೊದಲು

ಹೆಸರು ಸಿಕ್ಕಿತು ಅಂತ ತಕ್ಷಣ ಬದಲಿಸಬೇಡಿ. ಬಿಜಿಎಂಐನಲ್ಲಿ ರೀನೇಮ್ ಕಾರ್ಡ್ ಬೇಕು. ಫ್ರೀ ಫೈರ್ ಮ್ಯಾಕ್ಸ್‌ನಲ್ಲಿ ಡೈಮಂಡ್ ಖರ್ಚಾಗುತ್ತದೆ. ರೋಬ್ಲಾಕ್ಸ್‌ನಲ್ಲಿ ಯೂಸರ್‌ನೇಮ್ ಬದಲಿಸಲು 1000 ರೋಬಕ್ಸ್ (ಆ ಗೇಮ್‌ನ ದುಡ್ಡು), ಆದರೆ ಪರದೆಯ ಮೇಲೆ ಕಾಣುವ ಡಿಸ್‌ಪ್ಲೇ ನೇಮ್ ಬದಲಿಸಲು ದುಡ್ಡು ಬೇಡ. ಮೈನ್‌ಕ್ರಾಫ್ಟ್ ಜಾವಾದಲ್ಲಿ ಒಮ್ಮೆ ಬದಲಿಸಿದರೆ ಮುಂದಿನ 30 ದಿನ ಕಾಯಬೇಕು. ಕಂಪ್ಯೂಟರ್ ಗೇಮ್‌ಗಳ ಆನ್‌ಲೈನ್ ಅಂಗಡಿಯಾದ ಸ್ಟೀಮ್‌ನಲ್ಲಿ ಎಷ್ಟು ಸಲ ಬೇಕಾದರೂ ಪುಕ್ಕಟೆ ಬದಲಿಸಬಹುದು. ಹಾಗಾಗಿ ಸ್ಟೀಮ್ ಇರುವವರು ಹೊಸ ಹೆಸರನ್ನು ಮೊದಲು ಅಲ್ಲಿ ಇಟ್ಟು ಕೆಲವು ದಿನ ನೋಡುವುದು ಒಳ್ಳೆಯದು. ಅಲ್ಲಿ ಹಳೆಯ ಹೆಸರುಗಳು ಪ್ರೊಫೈಲ್‌ನಲ್ಲಿ ಬೇರೆಯವರಿಗೂ ಕಾಣುತ್ತವೆ ಎಂಬುದು ನೆನಪಿರಲಿ.

ಕಾರ್ಡ್ ಅಥವಾ ಡೈಮಂಡ್ ಮುಟ್ಟುವ ಮೊದಲು ಹೆಸರನ್ನು ಗೇಮ್‌ನ ಹುಡುಕಾಟದಲ್ಲಿ ಹಾಕಿ ನೋಡಿ. ಡಿಸ್ಕಾರ್ಡ್, ಇನ್‌ಸ್ಟಾಗ್ರಾಂ, ಯೂಟ್ಯೂಬ್‌ನಲ್ಲೂ ಇದೆಯಾ ನೋಡಿ. ಮುಂದೆ ಸ್ಟ್ರೀಮ್ ಮಾಡುವ ಯೋಚನೆ ಇದ್ದರೆ ಎಲ್ಲ ಕಡೆ ಒಂದೇ ದಿನ ಹೆಸರು ಹಿಡಿದುಕೊಳ್ಳಿ. ಕಡಿಮೆ ದುಡ್ಡಿಗೆ ಡೈಮಂಡ್ ಕೊಡುತ್ತೇವೆ, ಹೆಸರು ಬದಲಿಸಿ ಕೊಡುತ್ತೇವೆ ಅಂತ ಐಡಿ, ಪಾಸ್‌ವರ್ಡ್, ಒಟಿಪಿ ಕೇಳುವವರು ಬರುತ್ತಾರೆ. ಅವರಿಗೆ ಏನನ್ನೂ ಕೊಡಬೇಡಿ. ಬದಲಾವಣೆ ಗೇಮ್‌ನ ಒಳಗೇ, ನಿಮ್ಮ ಕೈಯಿಂದಲೇ ಆಗಬೇಕು.

ಬದಲಿಸಿದ ಮೇಲೆ ಸ್ಕ್ವಾಡ್‌ನವರಿಗೆ ಹೊಸ ಹೆಸರಿನ ಜೊತೆ ಯುಐಡಿ (ನಿಮ್ಮ ಖಾತೆಯ ಗುರುತಿನ) ನಂಬರನ್ನೂ ಕಳಿಸಿ. ಹೆಸರು ಬದಲಾದರೂ ಆ ನಂಬರ್ ಬದಲಾಗುವುದಿಲ್ಲ, ಹುಡುಕಲು ಅದೇ ಆಧಾರ. ಕಾಲೇಜಿನ ಅಥವಾ ಊರಿನ ಟೂರ್ನಿಗೆ ಹೆಸರು ಕೊಟ್ಟಿದ್ದರೆ ಅದು ಮುಗಿಯುವವರೆಗೆ ಹಳೆ ಹೆಸರಲ್ಲೇ ಇರಿ. ಪಟ್ಟಿಯಲ್ಲಿ ಕೊಟ್ಟ ಹೆಸರು ಮತ್ತು ಟೂರ್ನಿ ಆಡಿಸುವ ಗೇಮ್ ರೂಮ್‌ನಲ್ಲಿ ಕಾಣುವ ಹೆಸರು ಹೊಂದದಿದ್ದರೆ ನಡೆಸುವವರು ನಿಮ್ಮನ್ನು ರೂಮ್‌ನಿಂದ ಹೊರಗೆ ಹಾಕಬಹುದು, ನಿಮ್ಮ ಜೊತೆ ಇಡೀ ಸ್ಕ್ವಾಡ್ ಕೂಡ ಹೊರಗೆ ಕೂರಬೇಕಾಗುತ್ತದೆ.